ಗೇಣಿ ಗದ್ದೆಯಲ್ಲಿ ಪಾಲು ಕೇಳಿದರೆ ಯಾವ ಬಾಗಿಲು ತಟ್ಟಬೇಕು?

ಸಂಪಾದಕರಿಗೆ ನಮಸ್ಕಾರ.

ಪತ್ರ ಸ್ವಲ್ಪ ಉದ್ದ ಇದೆ, ಬೇಕಾದಲ್ಲಿ ಕತ್ತರಿಸಿ ಹಾಕಿ. ಗೇಣಿ ಜಮೀನಿನ ಅರ್ಜಿಗಳನ್ನು ತೀರ್ಮಾನಿಸುವ ಟ್ರಿಬ್ಯುನಲ್‌ನ ಹಳೆ ಫೈಲಿನ ಬಗ್ಗೆ ಬರೆದ ಭಾಗ ಮಾತ್ರ ಇರಲಿ. ಅದು ನಮ್ಮ ಮನೆಯವರಿಗಷ್ಟೇ ಅಲ್ಲ, ಕರಾವಳಿ ಮಲೆನಾಡಿನ ಬಹಳ ಮನೆಗಳಿಗೆ ಬೇಕಾದ ವಿಷಯ.

ನಮ್ಮದು ಕರಾವಳಿಯ ಒಂದು ಸಣ್ಣ ಊರು. ಎರಡು ಎಕರೆ ನಲವತ್ತು ಸೆಂಟ್ಸ್ ಜಾಗ, ಅರ್ಧ ಬೈಲು ಗದ್ದೆ, ಅರ್ಧ ಬೆಟ್ಟು ಗದ್ದೆ, ಅಂಚಿನಲ್ಲಿ ನಾಲ್ಕು ಸಾಲು ತೆಂಗು. ಇಷ್ಟೇ. ಇದಕ್ಕಾಗಿ 2004ರಲ್ಲಿ ಶುರುವಾದ ಪಾಲಿನ ದಾವೆ ಇನ್ನೂ ಮುಗಿದಿಲ್ಲ ಅಂದರೆ ಹೊರಗಿನವರು ನಗುತ್ತಾರೆ. ನಮಗೂ ಮೊದಮೊದಲು ಕೋರ್ಟು ಅಂದರೆ ಹೀಗೇ ಅಲ್ವಾ ಅನ್ನಿಸಿ ಸುಮ್ಮನಿದ್ದೆವು. ಆಮೇಲೆ ಗೊತ್ತಾಯಿತು, ಅಷ್ಟು ವರ್ಷದಲ್ಲಿ ಹೆಚ್ಚಿನದು ಹೋಗಿದ್ದು ಯಾರಿಗೆ ಎಷ್ಟು ಪಾಲು ಎಂಬ ಲೆಕ್ಕಕ್ಕಲ್ಲ. ಈ ಪ್ರಶ್ನೆಯನ್ನು ಕೇಳುವ ಅಧಿಕಾರ ಯಾರಿಗಿದೆ ಎಂಬ ವಾದಕ್ಕೆ.

ಅಜ್ಜ ಆ ಗದ್ದೆಯನ್ನು ಚಾಲಗೇಣಿಗೆ ಮಾಡುತ್ತಿದ್ದರು. ಒಡೆಯರಿಗೆ ವರ್ಷಕ್ಕೆ ಹದಿನೆಂಟು ಮುಡಿ (ಹುಲ್ಲಿನಲ್ಲಿ ಕಟ್ಟಿದ ಮೂಟೆ) ಅಕ್ಕಿ. ಮುಡಿ ಕಟ್ಟುವುದು, ಹೊತ್ತು ಒಡೆಯರ ಮನೆ ಅಂಗಳಕ್ಕೆ ಹಾಕುವುದು, ಎಲ್ಲ ಮನೆ ಮಂದಿಯೇ. ಮೂಲಗೇಣಿಯವರಿಗೆ ಸ್ವಲ್ಪವಾದರೂ ಧೈರ್ಯ ಇತ್ತಂತೆ, ಅದು ಕಾಯಂ ಗೇಣಿ. ಚಾಲಗೇಣಿಯವರನ್ನು ಒಡೆಯರು ಮನಸ್ಸು ಮಾಡಿದರೆ ಎಬ್ಬಿಸಬಹುದಿತ್ತು. ಅಜ್ಜ 1971ರಲ್ಲಿ ತೀರಿಕೊಂಡರು. ಮೂವರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳು. ದೊಡ್ಡಪ್ಪ ಹಿರಿಯರು, ಅವರೊಬ್ಬರಿಗೇ ಸರಿಯಾಗಿ ಸಹಿ ಹಾಕಲು ಬರುತ್ತಿತ್ತು.

1974ರಲ್ಲಿ ದೇವರಾಜ ಅರಸರ ಕಾಲದ ತಿದ್ದುಪಡಿ ಬಂತು. ಭೂಸುಧಾರಣಾ ಕಾಯ್ದೆ 1961ರದ್ದೇ, ಆದರೆ ಅದಕ್ಕೆ ಹಲ್ಲು ಬಂದಿದ್ದು ಆಗ. 1974ರ ಮಾರ್ಚ್ 1ಕ್ಕೆ ಗೇಣಿಯಲ್ಲಿದ್ದ ಜಮೀನೆಲ್ಲ ಸರ್ಕಾರಕ್ಕೆ ಸೇರಿತು, ಉಳುವವನು ಅರ್ಜಿ ಹಾಕಿದರೆ ಅವನ ಹೆಸರಿಗೆ ಅಧಿಭೋಗದ ಹಕ್ಕು, ಅಂದರೆ ಜಮೀನು ಅವನದೇ ಆಗುವ ಹಕ್ಕು. ಅರ್ಜಿ ಅಂದರೆ ಫಾರಂ 7, ನಮ್ಮ ಕಡೆ ಈಗಲೂ ಅದನ್ನು ಡಿಕ್ಲರೇಶನ್ ಅಂತಲೇ ಕರೆಯುತ್ತಾರೆ. ಮನೆಗೆ ಹಿರಿಯರು ಅಂತ ದೊಡ್ಡಪ್ಪ ಡಿಕ್ಲರೇಶನ್ ಕೊಟ್ಟರು. 1978ರಲ್ಲಿ ಟ್ರಿಬ್ಯುನಲ್ ಆದೇಶ ಆಯಿತು, 1982ರಲ್ಲಿ ಆ ಹಕ್ಕು ಸಿಕ್ಕಿತು ಅನ್ನುವ ಫಾರಂ 10 ಸರ್ಟಿಫಿಕೇಟ್ ಬಂತು. ಸರ್ಕಾರಕ್ಕೆ ಕಟ್ಟಬೇಕಾದ ದುಡ್ಡನ್ನು ತೆಂಗಿನಕಾಯಿ ಮಾರಿ, ನಮ್ಮ ಅಪ್ಪ ಮುಂಬಯಿ ಹೋಟೆಲಿನಲ್ಲಿ ದುಡಿದು ಕಳಿಸಿದ್ದನ್ನು ಸೇರಿಸಿ ಕಟ್ಟಿದ್ದು. ರಸೀದಿ ದೊಡ್ಡಪ್ಪನ ಹೆಸರಿನಲ್ಲಿ. ಆರ್‌ಟಿಸಿಯೂ ಅವರ ಹೆಸರಿನಲ್ಲಿ. ಯಾರಿಗೂ ಅದರಲ್ಲಿ ತಪ್ಪು ಕಾಣಲಿಲ್ಲ, ದೊಡ್ಡಪ್ಪ ಇರುವವರೆಗೆ ಪ್ರತಿ ಬೆಳೆಯ ಅಕ್ಕಿಯೂ ಮೂರು ಮನೆಗೆ ಹಂಚಿ ಹೋಗುತ್ತಿತ್ತು, ಅತ್ತೆಯರು ಹಬ್ಬಕ್ಕೆ ಬಂದರೆ ಕಾಯಿ ಅಕ್ಕಿ ಕಟ್ಟಿಕೊಂಡು ಹೋಗುತ್ತಿದ್ದರು.

1999ರಲ್ಲಿ ಅವರು ತೀರಿಕೊಂಡರು. ಅವರ ಮಕ್ಕಳು ತಮ್ಮ ಹೆಸರಿಗೆ ಖಾತೆ ಮಾಡಿಸಿಕೊಂಡರು. ಪಾಲು ಕೇಳಿದಾಗ ಬಂದ ಉತ್ತರ: "ಇದು ಅಜ್ಜನ ಆಸ್ತಿಯಲ್ಲ. ಸರ್ಕಾರ ನಮ್ಮ ಅಪ್ಪನಿಗೆ ಕೊಟ್ಟದ್ದು."

ದಾವೆ ಹಾಕಿದೆವು. ಅವರ ವಕೀಲರು ಕೊಟ್ಟ ಲಿಖಿತ ಹೇಳಿಕೆಯ ಮೊದಲ ಸಾಲೇ ಭೂಸುಧಾರಣಾ ಕಾಯ್ದೆಯ 132ನೇ ಸೆಕ್ಷನ್. ಟ್ರಿಬ್ಯುನಲ್ ತೀರ್ಮಾನ ಮಾಡಬೇಕಾದ ವಿಷಯವನ್ನು ಸಿವಿಲ್ ಕೋರ್ಟ್ ಮುಟ್ಟಬಾರದು ಅನ್ನುವ ಸೆಕ್ಷನ್ ಅದು. ಅದರ ಬೆನ್ನಿಗೇ 133 ಇದೆ. ದಾವೆ ನಡೆಯುತ್ತಿರುವಾಗ ಜಾಗ ಕೃಷಿ ಜಮೀನು ಹೌದೋ ಅಲ್ಲವೋ, ಸ್ವಾಧೀನದಲ್ಲಿದ್ದೇನೆ ಅನ್ನುವವನು 1974ರ ಮಾರ್ಚ್ 1ಕ್ಕಿಂತ ಮೊದಲಿಂದ ಗೇಣಿದಾರ ಹೌದೋ ಅಲ್ಲವೋ ಎಂಬ ಪ್ರಶ್ನೆ ಎದ್ದರೆ ಕೋರ್ಟ್ ದಾವೆಯನ್ನು ಅಲ್ಲಿಗೇ ನಿಲ್ಲಿಸಬೇಕು, ಪ್ರಶ್ನೆಯನ್ನು ಟ್ರಿಬ್ಯುನಲ್‌ಗೆ ಕಳಿಸಬೇಕು, ಅಲ್ಲಿಂದ ಉತ್ತರ ಬಂದ ಮೇಲೆ ಮುಂದುವರಿಯಬೇಕು. ಅಷ್ಟೇ ಅಲ್ಲ, ಮೊದಲು ಕೊಟ್ಟ ಇಂಜಂಕ್ಷನ್ ಗಿಂಜಂಕ್ಷನ್ ಎಲ್ಲ ಬಿದ್ದು ಹೋಗುತ್ತದೆ. (ಭೂಕಂದಾಯ ಕಾಯ್ದೆಯಲ್ಲೂ ಒಂದು 133 ಇದೆ, ಆರ್‌ಟಿಸಿಯಲ್ಲಿ ಬರೆದದ್ದನ್ನು ಸುಳ್ಳು ಅಂತ ತೋರಿಸುವವರೆಗೆ ನಿಜ ಅಂತ ನಂಬಬೇಕು ಅನ್ನುವುದು. ನಮ್ಮ ಕೇಸಿನಲ್ಲಿ ಎರಡೂ 133 ಬಂದು ನನ್ನ ಅಪ್ಪನಿಗೆ ಕೊನೆಯವರೆಗೂ ಯಾವುದು ಯಾವುದೆಂದು ಗೊತ್ತಾಗಲಿಲ್ಲ.)

ಈ ಬೇಲಿ ಯಾಕೆ ಹಾಕಿದರು ಅನ್ನುವುದನ್ನು ಮರೆಯಬಾರದು. ನಾನು ಈ ಕಾನೂನನ್ನು ಬೈಯಲು ಬರೆಯುತ್ತಿಲ್ಲ. ಈ ಕಾನೂನು ಇಲ್ಲದಿದ್ದರೆ ಪಾಲು ಮಾಡಲು ನಮ್ಮಲ್ಲಿ ಗದ್ದೆಯೇ ಇರುತ್ತಿರಲಿಲ್ಲ. ಆ ಕಾಲದಲ್ಲಿ ಸಿವಿಲ್ ಕೋರ್ಟ್ ಅಂದರೆ ಒಡೆಯರಿಗೆ ಒಗ್ಗಿದ ಜಾಗ. ಅವರ ಹತ್ತಿರ ದಾಖಲೆ ಇತ್ತು, ದುಡ್ಡಿತ್ತು, ಒಳ್ಳೆಯ ವಕೀಲರಿದ್ದರು. ಗೇಣಿದಾರನ ಹತ್ತಿರ ಗೇಣಿ ಚೀಟಿ ಕೂಡ ಇರುತ್ತಿರಲಿಲ್ಲ, ಎಷ್ಟೋ ಒಡೆಯರು ಚೀಟಿಯೇ ಕೊಡುತ್ತಿರಲಿಲ್ಲ. ಕೋರ್ಟಿನಿಂದ ಒಂದು ತಡೆಯಾಜ್ಞೆ ತಂದರೆ ಗದ್ದೆಗೆ ಇಳಿಯುವ ಹಾಗಿಲ್ಲ, ಒಂದು ಬೆಳೆ ಹೋಯಿತು ಅಂದರೆ ಮನೆಯೇ ಹೋಯಿತು. ಅದಕ್ಕೇ ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷರಾಗಿ, ಸರ್ಕಾರ ನೇಮಿಸಿದ ನಾಲ್ವರು ಸದಸ್ಯರಿದ್ದು, ಅವರಲ್ಲಿ ಒಬ್ಬರಾದರೂ ಪರಿಶಿಷ್ಟ ಜಾತಿ ಅಥವಾ ಪಂಗಡದವರಾಗಿರುವ ಟ್ರಿಬ್ಯುನಲ್ ಮಾಡಿದರು. ವಕೀಲರೇ ಬರಬಾರದು ಅಂತಲೂ ಇತ್ತು, 1987ರಲ್ಲಿ ಸುಪ್ರೀಂ ಕೋರ್ಟ್ ಅದೊಂದನ್ನು ತೆಗೆದುಹಾಕಿತು. ಒಟ್ಟಿನಲ್ಲಿ 132, 133 ಅನ್ನುವುದು ಒಡೆಯರ ಕೈಗೆ ಗೇಣಿದಾರ ಸಿಗದಿರಲಿ ಅಂತ ಕಟ್ಟಿದ ಬೇಲಿ.

ಈಗ ಅದೇ ಬೇಲಿಯ ಒಳಗೆ ನಿಂತು ಒಬ್ಬ ಗೇಣಿದಾರನ ಮೊಮ್ಮಗ ಇನ್ನೊಬ್ಬ ಮೊಮ್ಮಗನಿಗೆ ಒಳಗೆ ಬರಬೇಡ ಅನ್ನುತ್ತಿದ್ದಾನೆ. ಒಡೆಯರು ಈ ಕಥೆಯಲ್ಲಿ ಎಲ್ಲೂ ಇಲ್ಲ. ಅವರ ಮನೆ ಬೀಗ ಹಾಕಿಕೊಂಡು ಇಪ್ಪತ್ತು ವರ್ಷ ಆಯಿತು.

ನನಗೆ ಕಾನೂನು ಓದು ಇಲ್ಲ. ಆದರೆ ಇಷ್ಟು ವರ್ಷ ಕೋರ್ಟಿನ ಬೆಂಚಿನಲ್ಲಿ ಕೂತು, ನಮ್ಮ ವಕೀಲರ ಹತ್ತಿರ ಕೇಳಿ ಕೇಳಿ ತಿಳಿದದ್ದನ್ನು ಹೇಳುತ್ತೇನೆ, ಯಾಕೆಂದರೆ ಪಾಲಿನ ದಾವೆಯಲ್ಲಿ ಗೇಣಿ ಅನ್ನುವ ಶಬ್ದ ಬಂದ ಕೂಡಲೇ ಎಲ್ಲರೂ ಒಂದೇ ಥರ ಹೆದರುತ್ತಾರೆ, ಆದರೆ ಆ ಶಬ್ದ ಬರುವುದು ಬೇರೆ ಬೇರೆ ರೀತಿಯಲ್ಲಿ.

ಅಣ್ಣತಮ್ಮಂದಿರು ಪಾಲು ಮಾಡಿಕೊಳ್ಳುತ್ತಿದ್ದಾರೆ, ಆಗ ಮೂರನೆಯವರು ಬಂದು ಈ ಗದ್ದೆ ನಿಮ್ಮದಲ್ಲ, 1974ಕ್ಕಿಂತ ಮೊದಲಿಂದ ನಮ್ಮ ತಂದೆ ನಿಮ್ಮ ತಂದೆಯ ಗೇಣಿದಾರರು ಅನ್ನುತ್ತಾರೆ ಅಂದುಕೊಳ್ಳಿ. ಇದು ನಿಜವಾಗಿ 133ರ ವಿಷಯ, ಟ್ರಿಬ್ಯುನಲ್ಲೇ ಹೇಳಬೇಕು. ಇದರಲ್ಲಿ ನನಗೆ ತಕರಾರಿಲ್ಲ. ಆದರೆ ಅದೇ ಮನುಷ್ಯ ನಾನು 1990ರಿಂದ ಗೇಣಿಗೆ ಮಾಡುತ್ತಿದ್ದೇನೆ ಅಂದರೆ? 1974ರ ನಂತರ ಜಮೀನು ಗೇಣಿಗೆ ಕೊಡುವುದೇ ನಿಷೇಧ, ಸೈನಿಕರಂಥ ಕೆಲವರಿಗೆ ಮಾತ್ರ ವಿನಾಯಿತಿ. ಅಂಥ ಮಾತಿಗೆ ಟ್ರಿಬ್ಯುನಲ್ ಬಾಗಿಲಿಗೆ ಹೋಗುವ ಅಗತ್ಯವೇ ಇಲ್ಲ. ತಾರೀಕು ನೋಡಿದರೆ ಸಾಕು.

ಇನ್ನೊಂದು ರೀತಿ, ತಮ್ಮನೇ ಅಣ್ಣನ ಮೇಲೆ "ನಾನು ಕುಟುಂಬದ ಜಾಗಕ್ಕೆ ಗೇಣಿದಾರ" ಅನ್ನುವುದು. ಕೇಳಲು ತಮಾಷೆ, ಆದರೆ ಅನ್ನುತ್ತಾರೆ. ಊರಲ್ಲಿ ಉಳಿದವನು ಉತ್ತಿದ್ದಾನೆ, ಬೆಂಗಳೂರಿಗೋ ಮುಂಬಯಿಗೋ ಹೋದವರಿಗೆ ವರ್ಷಕ್ಕೆ ಒಂದಿಷ್ಟು ಅಕ್ಕಿ ಕೊಟ್ಟಿದ್ದಾನೆ, ಅದೇ ಗೇಣಿ ಅಂತ ವಾದ. ಕಾಯ್ದೆಯ 4ನೇ ಸೆಕ್ಷನ್ ಇದಕ್ಕೆ ಉತ್ತರ ಕೊಡುತ್ತದೆ. ಬೇರೆಯವರ ಜಮೀನು ಕಾನೂನು ರೀತಿಯಲ್ಲಿ ಸಾಗುವಳಿ ಮಾಡುವವನನ್ನು ಗೇಣಿದಾರ ಅಂತ ತಿಳಿಯಬೇಕು, ಆದರೆ ಅವನು ಒಡೆಯನ ಕುಟುಂಬದವನಾಗಿರಬಾರದು, ಕೂಲಿಯವನಾಗಿರಬಾರದು, ಸ್ವಾಧೀನ ಅಡಮಾನ ಪಡೆದವನಾಗಿರಬಾರದು. ಮನೆಯವನು ಮನೆಯ ಗದ್ದೆ ಉತ್ತರೆ ಅಷ್ಟಕ್ಕೇ ಗೇಣಿದಾರ ಆಗುವುದಿಲ್ಲ.

ಮೂರನೆಯದು ನಮ್ಮದು. ಗೇಣಿ ಇತ್ತು, ಅದರಲ್ಲಿ ಯಾರಿಗೂ ಅನುಮಾನ ಇಲ್ಲ. ಟ್ರಿಬ್ಯುನಲ್ ಹೌದು ಅಂದಾಗಿದೆ, ಸರ್ಟಿಫಿಕೇಟ್ ಕೊಟ್ಟಾಗಿದೆ. ಆದೇಶದಲ್ಲಿ ಒಂದು ಹೆಸರಿದೆ. ಆ ಒಂದು ಹೆಸರು ಒಬ್ಬನದೋ, ಮನೆಯದೋ?

ಇಲ್ಲೇ ಸಿಕ್ಕು. 1994ರಲ್ಲಿ ನಮ್ಮ ರಾಜ್ಯದ್ದೇ ಒಂದು ಕೇಸಿನಲ್ಲಿ ಸುಪ್ರೀಂ ಕೋರ್ಟ್, ಗೇಣಿ ಅವಿಭಕ್ತ ಕುಟುಂಬದ್ದೋ ಒಬ್ಬನದೋ ಅನ್ನುವುದನ್ನೂ ಟ್ರಿಬ್ಯುನಲ್ಲೇ ತೀರ್ಮಾನಿಸಬೇಕು ಅಂದಿತ್ತು. ನಮ್ಮ ಎದುರಿನವರ ಕೈಯಲ್ಲಿ ಇದೇ ತೀರ್ಪು. 2000ದಲ್ಲಿ ಇನ್ನೊಂದು ಕೇಸಿನಲ್ಲಿ ಅದೇ ಸುಪ್ರೀಂ ಕೋರ್ಟ್, ಟ್ರಿಬ್ಯುನಲ್ ಕೊಡಲು ಸಾಧ್ಯವಿಲ್ಲದ ಪರಿಹಾರವನ್ನು ಕೇಳಿದರೆ ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿಲ್ಲ ಅಂದಿದೆ. ಟ್ರಿಬ್ಯುನಲ್ ಯಾರು ಗೇಣಿದಾರ ಅಂತ ಹೇಳಬಹುದು, ಆದರೆ ಪಾಲು ಮಾಡಿಕೊಡಲು ಅದಕ್ಕೆ ಬರುವುದಿಲ್ಲ. ನಮ್ಮ ವಕೀಲರ ಕೈಯಲ್ಲಿ ಇದು. ಮನೆಯ ಹಿರಿಯನ ಹೆಸರಿಗೆ ಬಂದ ಹಕ್ಕು ಮನೆಯವರಿಗೆಲ್ಲ ಸೇರುತ್ತದೆ, ಅದನ್ನು ಸಿವಿಲ್ ಕೋರ್ಟ್ ನೋಡಬಹುದು ಅಂತ ಹೈಕೋರ್ಟಿನ ತೀರ್ಪುಗಳೂ ಇವೆ. ಎರಡು ಕಡೆಯವರೂ ಪುಸ್ತಕಕ್ಕೆ ಚೀಟಿ ಇಟ್ಟುಕೊಂಡು ಬರುತ್ತಿದ್ದರು.

ನನಗೆ ಇದೆಲ್ಲಕ್ಕಿಂತ ನೇರವಾಗಿ ಕಂಡದ್ದು ಕಾಯ್ದೆಯ 61ನೇ ಸೆಕ್ಷನ್. ಟ್ರಿಬ್ಯುನಲ್ ಕೊಟ್ಟ ಜಮೀನನ್ನು ಹದಿನೈದು ವರ್ಷ ಮಾರಬಾರದು, ದಾನ ಕೊಡಬಾರದು, ಗೇಣಿಗೆ ಕೊಡಬಾರದು ಅಂತ ಅದರಲ್ಲಿದೆ. ಇದು ಎಲ್ಲರಿಗೂ ಗೊತ್ತು, ಹದಿನೈದು ವರ್ಷದ ಮಾತು ಊರಿನ ಬ್ರೋಕರ್‌ಗಳಿಗೂ ಬಾಯಿಪಾಠ. ಆದರೆ ಅದರ ಪಕ್ಕದಲ್ಲೇ ಇನ್ನೊಂದು ಮಾತಿದೆ: ಹಾಗಿದ್ದರೂ ಆ ಜಮೀನನ್ನು ಅವಿಭಕ್ತ ಕುಟುಂಬದ ಸದಸ್ಯರ ನಡುವೆ ಪಾಲು ಮಾಡಿಕೊಳ್ಳಬಹುದು. ಫಾರಂ 10 ಬಂದ ಜಮೀನೆಲ್ಲ ಒಬ್ಬನ ಸ್ವಂತ ಆಸ್ತಿಯೇ ಆಗಿದ್ದರೆ ಈ ಮಾತು ಅಲ್ಲಿ ಯಾಕೆ ಬೇಕಿತ್ತು? ಕಾನೂನು ಬರೆದವರ ತಲೆಯಲ್ಲಿ ಹಳ್ಳಿಯ ಮನೆ ಹೇಗಿರುತ್ತದೆ ಅನ್ನುವ ಚಿತ್ರ ಇತ್ತು ಅಂತ ಕಾಣುತ್ತದೆ. ಆದೇಶ ಬರೆಯುವಾಗ ಆ ಚಿತ್ರ ಬಿಟ್ಟುಹೋಯಿತು.

ನಮ್ಮ ದಾವೆಗೆ ಬರುತ್ತೇನೆ. ಕೋರ್ಟ್ ಇಶ್ಯೂಗಳನ್ನು, ಅಂದರೆ ತಾನು ತೀರ್ಮಾನಿಸಬೇಕಾದ ಪ್ರಶ್ನೆಗಳನ್ನು, ಬರೆಯಿತು. ಕುಟುಂಬ ಅವಿಭಕ್ತವೇ, ಎಷ್ಟು ಪಾಲು, ಕೋರ್ಟ್ ಶುಲ್ಕ ಸರಿಯಿದೆಯೇ ಹೀಗೆ. ಅಧಿಕಾರ ವ್ಯಾಪ್ತಿಯ ಪ್ರಶ್ನೆ ಕೊನೆಯಲ್ಲಿ ಆರನೆಯದು. ಎಂಟು ವರ್ಷ ಸಾಕ್ಷಿ ಆಯಿತು. ಅಪ್ಪನ ಪಾಟೀಸವಾಲು ಒಂದಕ್ಕೇ ಏಳು ವಾಯ್ದೆ. ಎಂಬತ್ತು ದಾಟಿದ ನೆರೆಮನೆಯ ಅಜ್ಜ ಒಬ್ಬರು ಮುಡಿ ಹೊತ್ತವರು ಯಾರು ಯಾರು ಅಂತ ಸಾಕ್ಷಿ ಹೇಳಿದರು, ಆಮೇಲೆ ಅವರೂ ಹೋದರು. 2012ರಲ್ಲಿ ತೀರ್ಪು ಬಂತು. ಆರನೆಯ ಇಶ್ಯೂಗೆ ಉತ್ತರ: ಈ ಕೋರ್ಟಿಗೆ ಅಧಿಕಾರ ಇಲ್ಲ, ಟ್ರಿಬ್ಯುನಲ್‌ಗೆ ಹೋಗಿ. ಉಳಿದ ಇಶ್ಯೂಗಳಿಗೆ ಉತ್ತರ ಕೊಡುವ ಅಗತ್ಯ ಇಲ್ಲ.

ಎಂಟು ವರ್ಷ ಕೂರಿಸಿ ಊಟ ಬಡಿಸುವ ಹೊತ್ತಿಗೆ ಇದು ನಿಮ್ಮ ಪಂಕ್ತಿ ಅಲ್ಲ ಅಂದ ಹಾಗಾಯಿತು.

ಸರಿ, ಟ್ರಿಬ್ಯುನಲ್‌ಗೆ ಹೋದೆವು. ತಾಲೂಕು ಕಚೇರಿಯ ಭೂಸುಧಾರಣೆ ವಿಭಾಗದಲ್ಲಿ ಒಬ್ಬರು ಕೇಸ್ ವರ್ಕರ್ ಇದ್ದರು. ಸಭ್ಯ ಮನುಷ್ಯರೇ. ಅವರು ಹೇಳಿದ್ದು ಇಷ್ಟು: ನಿಮ್ಮ ಕೇಸ್ 1978ರಲ್ಲೇ ಮುಗಿದಿದೆ, ಮುಗಿದ ಕೇಸನ್ನು ನಾವಾಗಿ ತೆರೆಯಲು ಆಗುವುದಿಲ್ಲ. ಹೊಸದಾಗಿ ಫಾರಂ 7 ಹಾಕುವ ಕಾಲ 1979ರ ಜೂನ್ 30ಕ್ಕೆ ಮುಗಿದಿದೆ. 1998ರಲ್ಲಿ ಅರ್ಜಿ ಹಾಕಲು ಆಗದವರಿಗೆ ಅಂತ 7ಎ ಬಂದಿತ್ತು, ಅದು ನಿಮಗೆ ಹೊಂದುವುದಿಲ್ಲ, ಅದರ ಕಾಲವೂ ಮುಗಿದಿದೆ. ಕೋರ್ಟಿನಿಂದ ನಮಗೆ ರೆಫರೆನ್ಸ್ ಅಂತ ಏನೂ ಬಂದಿಲ್ಲ, ನಿಮ್ಮ ದಾವೆ ವಜಾ ಆಗಿದೆ ಅಷ್ಟೇ. ಅಂದಮೇಲೆ ನೀವು ಹೇಳುವುದು ಯಾವ ಅರ್ಜಿ?

ಅಪ್ಪ ಮನೆಗೆ ಬಂದು ಚಾವಡಿಯಲ್ಲಿ ಕೂತು ಎಷ್ಟೋ ಹೊತ್ತು ಮಾತಾಡಲಿಲ್ಲ. ಕೋರ್ಟ್ ಟ್ರಿಬ್ಯುನಲ್ ಅನ್ನುತ್ತದೆ, ಟ್ರಿಬ್ಯುನಲ್ ಕೋರ್ಟ್ ಅನ್ನುತ್ತದೆ.

ಅಪೀಲು ಹಾಕಿದೆವು. 2016ರಲ್ಲಿ ಮೇಲಿನ ಕೋರ್ಟ್ ಕೆಳಗಿನ ತೀರ್ಪನ್ನು ಬದಿಗಿಟ್ಟಿತು. ಗೇಣಿ ಇತ್ತೋ ಇಲ್ಲವೋ ಎಂಬ ಜಗಳವೇ ಇಲ್ಲಿ ಇಲ್ಲ, ಟ್ರಿಬ್ಯುನಲ್ ಮುಂದೆ ಈಗ ಯಾವ ಅರ್ಜಿಯೂ ಇಲ್ಲ, ಪಾಲು ಕೊಡುವ ಅಧಿಕಾರ ಅದಕ್ಕೆ ಇಲ್ಲ, ಆದ್ದರಿಂದ ಸಿವಿಲ್ ಕೋರ್ಟೇ ನೋಡಬೇಕು ಅಂತ ದಾವೆಯನ್ನು ವಾಪಸ್ ಕಳಿಸಿತು. ನಾಲ್ಕು ಪುಟದ ಕಾರಣ. 2004ರಲ್ಲೇ ಪ್ಲೇಂಟು (ನಮ್ಮ ದಾವೆ ಅರ್ಜಿ) ಮತ್ತು ಲಿಖಿತ ಹೇಳಿಕೆ ಎರಡನ್ನೂ ಪಕ್ಕಪಕ್ಕ ಇಟ್ಟು ಓದಿದ್ದರೆ ಅದೇ ನಾಲ್ಕು ಪುಟ ಆಗಲೇ ಬರೆಯಬಹುದಿತ್ತು. ಸಿವಿಲ್ ಪ್ರೊಸೀಜರ್ ಕೋಡಿನ 14ನೇ ಆರ್ಡರಿನಲ್ಲಿ ಅದಕ್ಕೆ ದಾರಿಯೂ ಇದೆ: ಕೋರ್ಟಿನ ಅಧಿಕಾರದ ಪ್ರಶ್ನೆ ಬರೀ ಕಾನೂನಿನದ್ದಾಗಿದ್ದರೆ ಅದನ್ನು ಮೊದಲು ತೀರ್ಮಾನಿಸಬಹುದು. ಬಹುದು ಅಂತಿದೆ, ಬೇಕು ಅಂತಿಲ್ಲ. ನಮ್ಮ ಹನ್ನೆರಡು ವರ್ಷ ಆ ಬಹುದು ಅನ್ನುವುದರಲ್ಲಿ ಹೋಯಿತು.

ಅಪ್ಪ 2017ರಲ್ಲಿ ಹೋದರು. ಪ್ರಿಲಿಮಿನರಿ ಡಿಕ್ರಿ, ಅಂದರೆ ಯಾರಿಗೆ ಎಷ್ಟು ಪಾಲು ಅನ್ನುವ ತೀರ್ಪು, ಆಗಿದ್ದು 2020ರಲ್ಲಿ.

ಈಗ ಫೈಲಿನ ಕಥೆ. ವಾಪಸ್ ಬಂದ ದಾವೆಯಲ್ಲಿ ನಮಗೆ ಬೇಕಾಗಿದ್ದು ಒಂದೇ, 1974ರಲ್ಲಿ ದೊಡ್ಡಪ್ಪ ಏನು ಹೇಳಿ ಅರ್ಜಿ ಹಾಕಿದರು ಅನ್ನುವುದು. ನಮ್ಮ ಹತ್ತಿರ ಇದ್ದದ್ದು ಆದೇಶದ ಕಾಪಿ ಮಾತ್ರ, ಅದು ಒಂದು ಸೈಕ್ಲೋಸ್ಟೈಲ್ ಹಾಳೆ, ಹೆಸರು ಸರ್ವೆ ನಂಬರು ತುಂಬಿಸಿದ್ದು. ಪೂರ್ತಿ ಫೈಲ್ ಬೇಕು ಅಂತ ಅರ್ಜಿ ಕೊಟ್ಟರೆ ಮೊದಲ ಸಲ ಸಿಗುತ್ತಿಲ್ಲ ಅಂತ ಹಿಂಬರಹ. ಎರಡನೆಯ ಸಲ ಅಪೀಲಿಗೆ ಹೋಗಿರಬಹುದು ಅಂದರು. ಇದರಲ್ಲಿ ಸ್ವಲ್ಪ ನಿಜ ಇರಬಹುದು ಅಂತ ಆಮೇಲೆ ತಿಳಿಯಿತು. ಟ್ರಿಬ್ಯುನಲ್ ಆದೇಶದ ಮೇಲೆ ಮೊದಲು ಹೈಕೋರ್ಟಿಗೆ ರಿಟ್ ಹಾಕಬೇಕಿತ್ತು, 1986ರಲ್ಲಿ ಭೂಸುಧಾರಣಾ ಮೇಲ್ಮನವಿ ಪ್ರಾಧಿಕಾರ ಅಂತ ಮಾಡಿದರು, 1990ರಲ್ಲಿ ಅದನ್ನು ತೆಗೆದರು. ಈ ಓಡಾಟದಲ್ಲಿ ಎಷ್ಟು ಮನೆಯ ಕಾಗದ ಯಾವ ಕಪಾಟಿನಲ್ಲಿ ಉಳಿಯಿತೋ. ನಮ್ಮದು ಮಾತ್ರ ಎಲ್ಲೂ ಹೋಗಿರಲಿಲ್ಲ. ಮೂರನೆಯ ಸಲ ನಾನೇ ಒಂದು ದಿನ ಪೂರ್ತಿ ರೆಕಾರ್ಡ್ ರೂಮಿನ ಹೊರಗೆ ಕೂತೆ, ಅಟೆಂಡರ್ ಒಬ್ಬರು ಪಾಪ ಮೂಗಿಗೆ ಬಟ್ಟೆ ಕಟ್ಟಿಕೊಂಡು ಹುಡುಕಿ ಪಕ್ಕದ ಗ್ರಾಮದ ಕಟ್ಟಿನೊಳಗಿಂದ ತೆಗೆದುಕೊಟ್ಟರು. ಗೆದ್ದಲು ಒಂದು ಮೂಲೆ ತಿಂದಿತ್ತು.

ಅದರಲ್ಲಿ ದೊಡ್ಡಪ್ಪನ ಹೇಳಿಕೆ ಇತ್ತು. ಅರ್ಧ ಪುಟ. "ಈ ಜಮೀನನ್ನು ನನ್ನ ತಂದೆಯ ಕಾಲದಿಂದ ನಾವು ಗೇಣಿಗೆ ಸಾಗುವಳಿ ಮಾಡಿಕೊಂಡು ಬಂದಿರುತ್ತೇವೆ. ನಾನು ಮನೆಗೆ ಹಿರಿಯನು." ಕೆಳಗೆ ಅವರ ಸಹಿ, ಆ ಉದ್ದ ಬಾಲದ ಸಹಿ.

ದೊಡ್ಡಪ್ಪ ಸುಳ್ಳು ಹೇಳಿರಲಿಲ್ಲ. ನಾವು ಅಂತಲೇ ಹೇಳಿದ್ದರು. ಆದೇಶ ಬರೆದವರು ನಾವು ಅನ್ನುವುದನ್ನು ಬಿಟ್ಟು ಹೆಸರು ಮಾತ್ರ ಬರೆದುಕೊಂಡರು. ಅವರನ್ನೂ ಬೈಯಲಾರೆ, ಆಗ ದಿನಕ್ಕೆ ಎಷ್ಟೆಷ್ಟು ಅರ್ಜಿ ಮುಗಿಸುತ್ತಿದ್ದರೋ. ಒಡೆಯರ ಕೈಯಿಂದ ಜಮೀನು ಬಿಡಿಸುವುದು ದೊಡ್ಡ ಕೆಲಸ, ಮನೆಯೊಳಗೆ ಯಾರಿಗೆ ಅನ್ನುವುದು ಆಗ ಯಾರಿಗೂ ದೊಡ್ಡ ಪ್ರಶ್ನೆ ಅನ್ನಿಸಿರಲಿಕ್ಕಿಲ್ಲ.

ಡಿಕ್ರಿ ನಮ್ಮ ಕಡೆಗೆ ಆಗಿದ್ದು ಆ ಅರ್ಧ ಪುಟದಿಂದ. ಅದು ಸಿಗದೇ ಹೋಗಿದ್ದರೆ? ಪೂರ್ತಿ ಗೆದ್ದಲೇ ತಿಂದಿದ್ದರೆ?

ಅದಕ್ಕೇ ಈ ಪತ್ರ. ಭೂ ಸುರಕ್ಷಾ ಅಂತ ಸರ್ಕಾರ ತಾಲೂಕು ಕಚೇರಿಗಳ ಹಳೆ ದಾಖಲೆಗಳನ್ನು ಸ್ಕ್ಯಾನ್ ಮಾಡಿಸುತ್ತಿದೆ, ಒಳ್ಳೆಯ ಕೆಲಸ. ಅದರಲ್ಲಿ ಟ್ರಿಬ್ಯುನಲ್ ಫೈಲುಗಳನ್ನು ಮೊದಲು ತೆಗೆದುಕೊಳ್ಳಿ, ಮತ್ತು ಆದೇಶದ ಹಾಳೆ ಮಾತ್ರ ಅಲ್ಲ, ಫಾರಂ 7, ಹೇಳಿಕೆ, ಮಹಜರು, ದುಡ್ಡು ಕಟ್ಟಿದ ಚಲನ್ ಎಲ್ಲ ಸೇರಿಸಿ ಸ್ಕ್ಯಾನ್ ಮಾಡಿ. ಆದೇಶದಲ್ಲಿ ಇಲ್ಲದ ಸತ್ಯ ಆ ಹೇಳಿಕೆಯಲ್ಲಿದೆ. ಪಾಲಿನ ದಾವೆಯಲ್ಲಿ ಫಾರಂ 10 ಹಾಜರಾದ ಕೂಡಲೇ ಕೋರ್ಟ್ ತಾನೇ ಆ ಫೈಲನ್ನು ತರಿಸಿಕೊಳ್ಳುವ ಕ್ರಮ ಬರಲಿ, ಕಕ್ಷಿದಾರ ರೆಕಾರ್ಡ್ ರೂಮಿನ ಹೊರಗೆ ಕೂರುವುದು ಯಾಕೆ? ಮೊದಲ ವರ್ಷದಲ್ಲೇ ಫೈಲ್ ಬಂದರೆ ಇದು ಗೇಣಿ ಇತ್ತೋ ಇಲ್ಲವೋ ಎಂಬ ಜಗಳವೋ, ಗೇಣಿ ಯಾರದು ಎಂಬ ಜಗಳವೋ ಅನ್ನುವುದು ಅಲ್ಲೇ ಕಾಣುತ್ತದೆ. ಮೊದಲನೆಯದಾದರೆ ಆಗಲೇ ಟ್ರಿಬ್ಯುನಲ್‌ಗೆ ಕಳಿಸಲಿ, ವಜಾ ಮಾಡಿ ಹೋಗಿ ಅನ್ನುವುದಲ್ಲ, 133ರಲ್ಲಿ ಹೇಳಿದ ಹಾಗೆ ದಾವೆ ನಿಲ್ಲಿಸಿ ರೆಫರೆನ್ಸ್ ಕಳಿಸಲಿ. ಎರಡನೆಯದಾದರೆ ತಾನೇ ನೋಡಲಿ. ಎಂಟು ವರ್ಷ ಆದಮೇಲೆ ಆರನೆಯ ಇಶ್ಯೂನಲ್ಲಿ ಹೇಳುವುದು ಬೇಡ.

ಟ್ರಿಬ್ಯುನಲ್ ಮುಂದೆ ಇನ್ನೂ ಬಾಕಿ ಇರುವ ಕೇಸುಗಳಿವೆ, ಹೈಕೋರ್ಟಿನಿಂದ ವಾಪಸ್ ಬಂದವು ಹೆಚ್ಚು. ಅವುಗಳಲ್ಲಿ ಆದೇಶ ಬರೆಯುವಾಗ ಈ ಹಕ್ಕು ಅರ್ಜಿದಾರನಿಗೆ ಸ್ವಂತಕ್ಕೋ, ಕುಟುಂಬದ ಪರವಾಗಿಯೋ ಅಂತ ಒಂದು ಸಾಲು ಬರೆದುಬಿಡಲಿ. 1994ರ ತೀರ್ಪಿನ ಪ್ರಕಾರ ಅದನ್ನು ಹೇಳುವ ಅಧಿಕಾರ ಅವರಿಗೇ ಇದೆ ಅಲ್ವಾ? ಅಧಿಕಾರ ಇದೆ ಅಂದಮೇಲೆ ಹೇಳದೇ ಬಿಡುವುದು ಯಾವ ನ್ಯಾಯ?

ಅತ್ತೆಯರ ವಿಷಯ ಹೇಳದೇ ಇದ್ದರೆ ಅವರು ಬೈಯುತ್ತಾರೆ. ಗೇಣಿ ಜಾಗದಲ್ಲಿ ಹೆಣ್ಣುಮಕ್ಕಳಿಗೆ ಏನೂ ಇಲ್ಲ ಅಂತ ಊರಲ್ಲಿ ಒಂದು ನಂಬಿಕೆ, ಅವರೂ ಅದನ್ನೇ ನಂಬಿದ್ದರು. ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ಮೊದಲು ಒಂದು ಉಪಸೆಕ್ಷನ್ ಇತ್ತು, ಗೇಣಿ ಹಕ್ಕು ಯಾರಿಗೆ ಹೋಗಬೇಕು ಅಂತ ಬೇರೆ ಕಾನೂನು ಹೇಳಿದ್ದರೆ ಅದಕ್ಕೆ ಈ ಕಾಯ್ದೆ ಅಡ್ಡ ಬರುವುದಿಲ್ಲ ಅಂತ. 2005ರ ತಿದ್ದುಪಡಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಅಂತ ಬಂದಾಗ ಆ ಉಪಸೆಕ್ಷನ್ನನ್ನೂ ತೆಗೆದುಹಾಕಿದರು. ಮೊದಲನೆಯದು ಎಲ್ಲ ಪೇಪರಿನಲ್ಲೂ ಬಂತು, ಎರಡನೆಯದು ನಾನು ಎಲ್ಲೂ ಓದಿದ ನೆನಪಿಲ್ಲ. ನಿಮ್ಮ ಪತ್ರಿಕೆಯ ಕಾನೂನು ಅಂಕಣದವರು ಇದರ ಬಗ್ಗೆ ಬಿಡಿಸಿ ಬರೆದರೆ ಉಪಕಾರ. ನಮ್ಮ ಅತ್ತೆಯರಿಗೆ ಡಿಕ್ರಿಯಲ್ಲಿ ಪಾಲು ಬಂದಿದೆ. ದೊಡ್ಡತ್ತೆಗೆ ಈಗ ಎಂಬತ್ತೊಂದು. ಪಾಲಿನಲ್ಲಿ ಒಂದು ತೆಂಗಿನ ಮರ ಅವರ ಅಪ್ಪ ನೆಟ್ಟದ್ದು, ಅದು ತನ್ನ ಕಡೆಗೇ ಬರಬೇಕು ಅಂತ ಹಠ.

ಡಿಕ್ರಿ ಆದರೂ ಪಾಲು ಆಗಿಲ್ಲ, ಯಾಕೆ ಅಂತ ಕೇಳುವವರಿಗೆ: ಸರ್ಕಾರಕ್ಕೆ ಕಂದಾಯ ಕಟ್ಟುವ ಜಮೀನಾದ್ದರಿಂದ ಕೋರ್ಟ್ ಪಾಲಿನ ಲೆಕ್ಕ ಮಾತ್ರ ಹೇಳುತ್ತದೆ, ಅಳೆದು ಭಾಗ ಮಾಡುವುದು ಡೆಪ್ಯುಟಿ ಕಮಿಷನರ್ ಕಡೆಯಿಂದ. ಅಲ್ಲಿಂದ ತಹಶೀಲ್ದಾರರಿಗೆ, ಅವರಿಂದ ಸರ್ವೆಯವರಿಗೆ. ಅಂದರೆ ಹನ್ನೆರಡು ವರ್ಷ ಇದು ರೆವಿನ್ಯೂದವರ ಕೆಲಸವೋ ಕೋರ್ಟಿನ ಕೆಲಸವೋ ಅಂತ ಜಗಳ ಆಡಿ, ಕೋರ್ಟಿನದ್ದು ಅಂತ ಗೆದ್ದು, ಈಗ ಮತ್ತೆ ಅದೇ ತಾಲೂಕು ಕಚೇರಿಯ ಅದೇ ಮೆಟ್ಟಿಲು. ಅಲ್ಲಿ ಆ ಹಳೆಯ ಅಟೆಂಡರ್ ಸಿಕ್ಕಿದ್ದರು, ಗುರುತು ಹಿಡಿದು ಏನು ಇನ್ನೂ ಮುಗಿದಿಲ್ವಾ ಅಂದರು.

ಎರಡು ಸಲ ಅಳತೆಗೆ ದಿನ ಕೊಟ್ಟು ಬರಲಿಲ್ಲ, ಒಮ್ಮೆ ಮಳೆ, ಒಮ್ಮೆ ಚುನಾವಣೆ. ಬೈಲಿನಲ್ಲಿ ನೀರು ಇಳಿದ ಮೇಲೆ ಬರುತ್ತೇವೆ ಅಂದಿದ್ದಾರೆ. ನನ್ನ ದೊಡ್ಡಪ್ಪನ ಮಗ, ಎದುರುಕಕ್ಷಿ, ಮೊನ್ನೆ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಿ ಸರ್ವೆಯವರು ಬರುವ ದಿನ ನನಗೂ ಒಂದು ಫೋನ್ ಮಾಡು, ಗಡಿಕಲ್ಲು ಎಲ್ಲಿದೆ ಅಂತ ನನಗೆ ಮಾತ್ರ ಗೊತ್ತು ಅಂದ. ಮಾಡುತ್ತೇನೆ ಅಂದಿದ್ದೇನೆ.

ಇಂತಿ,
ಕರಾವಳಿಯ ಒಬ್ಬ ಓದುಗ